ಆಕಾಶಕ್ಕೊಂದು ಸಿಸಿಟಿವಿ: ನನ್ನ ಅನುಭವ

ಹಿರಿಯೂರಿನಲ್ಲಿ ನನ್ನದು ಸಿಸಿಟಿವಿ ಅಂಗಡಿ. ಬಟ್ಟೆ ಅಂಗಡಿ, ಬಾರ್, ಕಲ್ಯಾಣ ಮಂಟಪ, ತೋಟದ ಮನೆ, ಎಲ್ಲಿ ಕರೆದರೂ ಹೋಗಿ ಕ್ಯಾಮೆರಾ ಕೂರಿಸಿ ಬರುತ್ತೇನೆ. ಅವೆಲ್ಲ ನೆಲ ನೋಡುವ ಕ್ಯಾಮೆರಾಗಳು. ನಮ್ಮನೆ ತಾರಸಿ ಮೇಲಿರುವ ಒಂದು ಮಾತ್ರ ರಾತ್ರಿಯಿಡೀ ಆಕಾಶ ನೋಡುತ್ತದೆ. ಅದು ಉಲ್ಕೆ ಹಿಡಿಯುವ ಕ್ಯಾಮೆರಾ.

ಈ ಹುಚ್ಚು ಹತ್ತಿಸಿದ್ದು ರಷ್ಯಾದ ಒಂದು ಫೂಟೇಜ್. 2013ರ ಫೆಬ್ರವರಿ 15ರ ಬೆಳಿಗ್ಗೆ ಚೆಲ್ಯಾಬಿನ್‌ಸ್ಕ್ ನಗರದ ಮೇಲೆ ಉಲ್ಕೆ ಸಿಡಿದದ್ದು ನಿಮಗೂ ನೆನಪಿರಬಹುದು. ಕಾರುಗಳ ಡ್ಯಾಶ್‌ಕ್ಯಾಮ್ ವಿಡಿಯೊಗಳನ್ನು ಆಗ ಎಲ್ಲರೂ ಹಂಚಿಕೊಂಡರು. ನನ್ನ ಕಣ್ಣಿಗೆ ಬಿದ್ದದ್ದು ಬೇರೆ. ಅಲ್ಲಿನ ಕ್ರಾಂತಿ ಚೌಕದ ಕ್ಯಾಮೆರಾದಲ್ಲಿ ದೀಪದ ಕಂಬಗಳ ನೆರಳು ನೆಲದ ಮೇಲೆ ಗರಗರ ತಿರುಗುತ್ತವೆ. ಕಂಬದ ಎತ್ತರ ಗೊತ್ತಿದೆ, ನೆರಳಿನ ಉದ್ದ ಅಳೆಯಬಹುದು. ಅಲ್ಲಿಗೆ ಬೆಳಕು ಯಾವ ದಿಕ್ಕಿನಿಂದ, ಎಷ್ಟು ಎತ್ತರದಿಂದ ಬಂತು ಅಂತ ಲೆಕ್ಕ ಸಿಗುತ್ತದೆ. ಕೊಲಂಬಿಯಾದ ಇಬ್ಬರು ಖಗೋಳ ವಿಜ್ಞಾನಿಗಳು ಇಂಥ ನೆರಳುಗಳನ್ನು ಹಿಡಿದುಕೊಂಡು, ಆ ಕಲ್ಲು ಸೂರ್ಯನ ಸುತ್ತ ಸುತ್ತುತ್ತಿದ್ದ ದಾರಿಯನ್ನೇ ಲೆಕ್ಕ ಹಾಕಿದರು. ನಾವು ದಿನಾ ಕೂರಿಸುವಂಥದೇ ಕ್ಯಾಮೆರಾ, ಅಲ್ವಾ? ಕಳ್ಳ ಹಿಡಿಯಲು ಹಾಕಿದ್ದು ಕಲ್ಲಿನ ಜಾತಕ ಬರೆಯಿತು.

ಆಮೇಲೆ ಹುಡುಕುತ್ತಾ ಹೋದಾಗ ಗ್ಲೋಬಲ್ ಮೀಟಿಯರ್ ನೆಟ್‌ವರ್ಕ್ ಸಿಕ್ಕಿತು. ಕೆನಡಾದ ವೆಸ್ಟರ್ನ್ ವಿಶ್ವವಿದ್ಯಾಲಯದ ಡೆನಿಸ್ ವಿಡಾ ಶುರು ಮಾಡಿದ ಜಾಲ ಇದು. ಜಗತ್ತಿನ ಬೇರೆ ಬೇರೆ ಕಡೆ ನನ್ನಂಥವರು ತಾರಸಿ ಮೇಲೆ ಕ್ಯಾಮೆರಾ ಇಟ್ಟು ಮಾಹಿತಿ ಕಳಿಸುತ್ತಾರೆ. ಸಾಫ್ಟ್‌ವೇರ್ ಉಚಿತ. ಬೇಕಾದ ಸಾಮಾನು ನಮ್ಮ ಅಂಗಡಿಯದೇ: ಸೋನಿ ಐಎಂಎಕ್ಸ್ 291 ಸೆನ್ಸರ್ ಇರುವ ಐಪಿ ಕ್ಯಾಮೆರಾ ಬೋರ್ಡ್, ತುಂಬಾ ಬೆಳಕು ಒಳಬಿಡುವ ಎಫ್/0.95ರ ಲೆನ್ಸ್, ನೀರು ಹೋಗದ ಹೌಸಿಂಗ್, ಕರೆಂಟು, ಡೇಟಾ ಎರಡನ್ನೂ ಒಯ್ಯುವ ಪಿಒಇ ಕೇಬಲ್, ಜೊತೆಗೊಂದು ರಾಸ್ಪ್‌ಬೆರಿ ಪೈ ಅನ್ನುವ ಪುಟ್ಟ ಕಂಪ್ಯೂಟರ್. ಎಲ್ಲಾ ಸೇರಿಸಿದರೂ ಒಂದು ಒಳ್ಳೆ ಫೋನಿಗಿಂತ ಕಮ್ಮಿ.

ಕೂರಿಸುವುದು ನನಗೇನೂ ಕಷ್ಟವಾಗಲಿಲ್ಲ. ಕಷ್ಟ ಕೊಟ್ಟಿದ್ದು ಫೋಕಸ್. ಅಂಗಡಿ ಕ್ಯಾಮೆರಾದಲ್ಲಿ ಗಲ್ಲಾಪೆಟ್ಟಿಗೆ ಸ್ಪಷ್ಟವಾಗಿ ಕಂಡರೆ ಮುಗಿಯಿತು. ಇಲ್ಲಿ ನಕ್ಷತ್ರ ಚುಕ್ಕೆಯಾಗಿ ಕಾಣಬೇಕು. ಲೆನ್ಸನ್ನು ಕೂದಲೆಳೆಯಷ್ಟು ತಿರುಗಿಸಿದರೂ ಚುಕ್ಕೆ ಅಲಸಂದೆ ಕಾಳಿನಷ್ಟಾಗುತ್ತದೆ. ರಾತ್ರಿ ತಾರಸಿ ಮೇಲೆ ಲ್ಯಾಪ್‌ಟಾಪ್ ಇಟ್ಟುಕೊಂಡು, ತಿರುಗಿಸಿ, ನೋಡಿ, ಮತ್ತೆ ತಿರುಗಿಸಿ, ಸ್ಕ್ರೂ ಬಿಗಿಮಾಡುವುದು. ಬಿಗಿಮಾಡುವಾಗ ಅದು ಮತ್ತೆ ಚೂರು ಕದಲುತ್ತದೆ! ತಾಳ್ಮೆ ಬೇಕು. ಕತ್ತಲಲ್ಲಿ ನೋಡಲು ಹಾಕುವ ಐಆರ್ (ಇನ್ಫ್ರಾರೆಡ್) ದೀಪ ಇರುವ ಬೋರ್ಡಾದರೆ ಅದನ್ನು ಆರಿಸಲೇಬೇಕು. ಇಲ್ಲದಿದ್ದರೆ ಗಾಜಿನ ಮೇಲಿನ ಧೂಳೇ ನಕ್ಷತ್ರದ ಹಾಗೆ ಹೊಳೆಯುತ್ತದೆ.

ಮುಂದಿನ ಹೆಜ್ಜೆ ಕ್ಯಾಮೆರಾಗೆ ದಿಕ್ಕು ಕಲಿಸುವುದು. ಸ್ಕೈಫಿಟ್ ಅನ್ನುವ ಪ್ರೋಗ್ರಾಂನಲ್ಲಿ ಚಿತ್ರದ ಒಂದೊಂದೇ ನಕ್ಷತ್ರದ ಮೇಲೆ ಕ್ಲಿಕ್ ಮಾಡಿ, ಪಟ್ಟಿಯಲ್ಲಿರುವ ನಕ್ಷತ್ರಕ್ಕೆ ಹೊಂದಿಸಬೇಕು. ಮೂಲೆಯ ನಕ್ಷತ್ರಗಳನ್ನು ಬಿಡಬಾರದು, ಲೆನ್ಸ್ ಜಾಸ್ತಿ ಬಾಗಿಸುವುದು ಅಲ್ಲೇ. ಇಷ್ಟಾದ ಮೇಲೆ ಚಿತ್ರದ ಯಾವ ಪಿಕ್ಸೆಲ್ ಆಕಾಶದ ಯಾವ ಜಾಗ ಅಂತ ಅದಕ್ಕೆ ಗೊತ್ತಾಗುತ್ತದೆ. ಮೃಗಶಿರ, ಕೃತ್ತಿಕೆ ಅಂತ ಅಜ್ಜಿ ಬೆರಳು ತೋರಿಸಿ ಹೇಳುತ್ತಿದ್ದುದು ನನಗೆ ಇಲ್ಲಿ ಉಪಯೋಗಕ್ಕೆ ಬಂತು.

ಕತ್ತಲಾದ ಕೂಡಲೇ ರೆಕಾರ್ಡಿಂಗ್ ತಾನಾಗಿ ಶುರುವಾಗುತ್ತದೆ. ಸೆಕೆಂಡಿಗೆ 25 ಫ್ರೇಮ್. 256 ಫ್ರೇಮುಗಳನ್ನು, ಅಂದರೆ ಹತ್ತು ಸೆಕೆಂಡಿನಷ್ಟನ್ನು, ಒಂದು ಕಟ್ಟು ಮಾಡಿ ಇಡುತ್ತದೆ. ಪ್ರತಿ ಪಿಕ್ಸೆಲ್ ಅತಿ ಹೆಚ್ಚು ಎಷ್ಟು ಹೊಳೆಯಿತು, ಯಾವ ಫ್ರೇಮಿನಲ್ಲಿ ಹೊಳೆಯಿತು ಅನ್ನುವುದನ್ನು ಬರೆದುಕೊಳ್ಳುತ್ತದೆ. ಹಾಗಾಗಿ ರಾತ್ರಿಯಿಡೀ ಓಡಿದರೂ ಮೆಮೊರಿ ಕಾರ್ಡ್ ತುಂಬಿ ಹೋಗುವುದಿಲ್ಲ. ಬೆಳಿಗ್ಗೆ ಕಾಫಿ ಕುಡಿಯುತ್ತಾ ರಾತ್ರಿಯ ಉಲ್ಕೆಗಳೆಲ್ಲ ಒಂದೇ ಚಿತ್ರದಲ್ಲಿ ಸೇರಿರುವುದನ್ನು ನೋಡುತ್ತೇನೆ. ಜೊತೆಗೆ ವಿಮಾನಗಳು, ಬಾವಲಿಗಳು, ಮುಂಗಾರಿಗೆ ಮುಂಚೆ ಮಿಂಚುಹುಳಗಳು. ಚಿತ್ರದುರ್ಗದ ಗುಡ್ಡಗಳ ಗಾಳಿಯಂತ್ರಗಳ ಕೆಂಪು ದೀಪಗಳೂ ಮಿನುಗುತ್ತಿದ್ದವು. ಆ ಜಾಗಕ್ಕೆ ಮಾಸ್ಕ್ ಹಾಕಿ ಮುಚ್ಚಿದೆ. ಮಳೆಗಾಲದಲ್ಲಿ ಮೋಡ ಬಿಟ್ಟರೆ ಏನೂ ಇಲ್ಲ. ಆಗ ಹೌಸಿಂಗ್ ಬಿಚ್ಚಿ ಸಿಲಿಕಾ ಜೆಲ್ ಬದಲಿಸುವುದು, ಜೇಡರ ಬಲೆ ತೆಗೆಯುವುದು, ಅಷ್ಟೇ ಕೆಲಸ.

ಒಂದೇ ಕ್ಯಾಮೆರಾದಿಂದ ಉಲ್ಕೆಯ ದಿಕ್ಕು ಸಿಗುತ್ತದೆ, ದೂರ ಸಿಗುವುದಿಲ್ಲ. ಅದೇ ಉಲ್ಕೆಯನ್ನು ಇನ್ನೊಂದು ಊರಿನಿಂದಲೂ ನೋಡಬೇಕು. ಹೆಚ್ಚಿನ ಉಲ್ಕೆಗಳು ಹೊತ್ತಿಕೊಳ್ಳುವುದು ನೆಲದಿಂದ ಸುಮಾರು 100 ಕಿ.ಮೀ. ಮೇಲೆ. ಎರಡು ಕ್ಯಾಮೆರಾಗಳ ನಡುವೆಯೂ ಹೆಚ್ಚುಕಮ್ಮಿ ಅಷ್ಟೇ ಅಂತರ ಇದ್ದರೆ ಲೆಕ್ಕ ಚೆನ್ನಾಗಿ ಕೂರುತ್ತದೆ. ತುಮಕೂರಿನಲ್ಲಿ ಅಕ್ಕನ ಮನೆ ಇದೆಯಲ್ಲ, ಅಲ್ಲಿಗೆ ಎರಡನೇ ಕ್ಯಾಮೆರಾ ಹೊತ್ತುಕೊಂಡು ಹೋದೆ. ಭಾವ ಏಣಿ ಹಿಡಿದು ಕೆಳಗೆ ನಿಂತಿದ್ದರು. ಕ್ಯಾಮೆರಾ ಮೂತಿ ಮೇಲಕ್ಕೆ ತಿರುಗಿದ್ದು ನೋಡಿ, "ಏನೋ ಇದು, ಕಳ್ಳ ಮೇಲಿಂದ ಇಳಿದು ಬರ್ತಾನಾ?" ಅಂದರು. "ಹೌದು ಭಾವ, ಸೆಕೆಂಡಿಗೆ ಇಪ್ಪತ್ತು ಕಿಲೋಮೀಟರ್ ಸ್ಪೀಡಲ್ಲಿ" ಅಂದೆ. "ಹಂಗಾದ್ರೆ ಹಿಡಿದಂಗೇ ಬಿಡು" ಅಂತ ನಕ್ಕರು. ಈಗ ಬೆಳಿಗ್ಗೆ ಎದ್ದರೆ ಭಾವನದೇ ಫೋನು, "ರಾತ್ರಿ ಎಷ್ಟು ಬಿತ್ತೋ?"

ಒಂದು ಡಿಸೆಂಬರ್ ರಾತ್ರಿ ಎರಡೂ ಕ್ಯಾಮೆರಾಗಳಲ್ಲಿ ದೊಡ್ಡ ಬೆಂಕಿಯುಂಡೆ ಸಿಕ್ಕಿತು. ಕೊನೆಯಲ್ಲಿ ಎರಡು ಸಲ ಭಗ್ಗೆಂದು ಉರಿದು ಆರಿತು. ಬೆಳಗಾಗುವಷ್ಟರಲ್ಲಿ ಗಿರಾಕಿಯೊಬ್ಬರ ಫೋನ್ ಬಂತು. "ಅಣ್ಣಾ, ನಮ್ಮ ಅಡಿಕೆ ತೋಟದ ಹಿಂದೇನೇ ಬಿದ್ದದೆ. ಜನ ಹುಡುಕ್ತಾವ್ರೆ." ಲೆಕ್ಕ ಬಂದಾಗ ನೋಡಿದರೆ ಅದು ಆರಿದ್ದು ಅನಂತಪುರ ಜಿಲ್ಲೆಯ ಮೇಲೆ, 50 ಕಿ.ಮೀ.ಗೂ ಜಾಸ್ತಿ ಎತ್ತರದಲ್ಲಿ. ನೆಲಕ್ಕೆ ಏನೂ ಬಿದ್ದಿರಲಿಲ್ಲ. ಎಲ್ಲ ಊರಲ್ಲೂ ಇದೇ ಕತೆ. ಬೆಂಕಿಯುಂಡೆ ಕಂಡವರಿಗೆ ಅದು ಪಕ್ಕದ ಹೊಲಕ್ಕೇ ಬಿದ್ದ ಹಾಗಿರುತ್ತದೆ. ನಿಜವಾಗಿ ಕಲ್ಲು ಸಿಗಬೇಕಾದರೆ ಉರಿಯುತ್ತಲೇ ಇನ್ನೂ ತುಂಬಾ ಕೆಳಗೆ, 30 ಕಿ.ಮೀ. ಆಸುಪಾಸಿಗಾದರೂ ಬರಬೇಕು, ವೇಗವೂ ಚೆನ್ನಾಗಿ ಇಳಿದಿರಬೇಕು. ಹಾಗೆ ಬಿದ್ದದ್ದು ನಮ್ಮ ನಾಡಿನಲ್ಲೂ ಉಂಟು. 1865ರಲ್ಲಿ ಮದ್ದೂರು, 1866ರಲ್ಲಿ ಉಡುಪಿ. ಎರಡೂ ಉಲ್ಕಾಶಿಲೆಗಳ ಪಟ್ಟಿಯಲ್ಲಿ ಆಯಾ ಊರಿನ ಹೆಸರಿನಲ್ಲೇ ಇವೆ.

ಸಿಡಿಯುವುದು ಯಾಕೆ? ಸೆಕೆಂಡಿಗೆ ಇಪ್ಪತ್ತು ಕಿ.ಮೀ. ವೇಗದಲ್ಲಿ ಹಿರಿಯೂರಿನಿಂದ ಚಿತ್ರದುರ್ಗಕ್ಕೆ ಎರಡೇ ಸೆಕೆಂಡು. ಮುಂದಿರುವ ಗಾಳಿಗೆ ಪಕ್ಕಕ್ಕೆ ಸರಿಯಲು ಪುರುಸೊತ್ತಿಲ್ಲ. ಅದು ಒತ್ತಿಕೊಂಡು ಕಾದು ಕಲ್ಲನ್ನು ಅದುಮುತ್ತದೆ. ಕೆಳಗೆ ಬಂದಷ್ಟೂ ಗಾಳಿ ದಟ್ಟ, ಒತ್ತಡ ಜಾಸ್ತಿ. ಕಲ್ಲು ತಡೆಯದಿದ್ದಾಗ ಒಡೆಯುತ್ತದೆ. ಒಡೆದ ಚೂರುಗಳಿಗೆಲ್ಲ ಒಟ್ಟಿಗೆ ಗಾಳಿ ಬಡಿದು, ಇದ್ದಬದ್ದ ಶಕ್ತಿಯೆಲ್ಲ ಒಂದೆರಡು ಸೆಕೆಂಡಿನಲ್ಲಿ ಖರ್ಚಾಗುತ್ತದೆ. ಒಳಗೆ ಮದ್ದುಗುಂಡು ಏನೂ ಇಲ್ಲ, ವೇಗವೇ ಮದ್ದು.

ಚೆಲ್ಯಾಬಿನ್‌ಸ್ಕ್ ಕಲ್ಲಿನ ಲೆಕ್ಕ ನಾನೇ ಹಾಕಿ ನೋಡಿದೆ. ಅಡ್ಡಳತೆ ಸುಮಾರು 20 ಮೀಟರ್, ತೂಕ ಹತ್ತಿರ ಹತ್ತಿರ 12,000 ಟನ್, ವೇಗ ಸೆಕೆಂಡಿಗೆ 19 ಕಿ.ಮೀ. ಪಿಯುಸಿಯ ಅದೇ ಸೂತ್ರ: ತೂಕದ ಅರ್ಧವನ್ನು ವೇಗದ ವರ್ಗದಿಂದ ಗುಣಿಸಿ. ಸುಮಾರು 500 ಕಿಲೋಟನ್ ಟಿಎನ್‌ಟಿ ಸಿಡಿಮದ್ದಿನಷ್ಟು ಶಕ್ತಿ ಬರುತ್ತದೆ. ಹಿರೋಷಿಮಾ ಬಾಂಬು 15 ಕಿಲೋಟನ್. ಸಿಡಿದದ್ದು 30 ಕಿ.ಮೀ. ಎತ್ತರದಲ್ಲಿ ಆದ್ದರಿಂದ ಊರು ಉಳಿಯಿತು. ಸತ್ತವರು ಯಾರೂ ಇಲ್ಲ. ಆದರೆ ಸುಮಾರು 1,500 ಜನಕ್ಕೆ ಗಾಯ, ಹೆಚ್ಚಿನವು ಗಾಜಿನಿಂದ ಆದದ್ದು. ಯಾಕೆಂದರೆ ಬೆಳಕು ತಕ್ಷಣ ಬಂತು, ಸದ್ದಿನ ಅಲೆ ಬರಲು ಎರಡು ನಿಮಿಷಕ್ಕೂ ಜಾಸ್ತಿ ಹಿಡಿಯಿತು. ಅಷ್ಟರಲ್ಲಿ ಜನ ಏನಾಯ್ತು ಅಂತ ನೋಡಲು ಕಿಟಕಿ ಹತ್ತಿರ ಹೋಗಿ ನಿಂತಿದ್ದರು. ಅಲ್ಲಿನ ಶಾಲೆಯೊಂದರ ಟೀಚರ್ ಮಾತ್ರ ಮಕ್ಕಳನ್ನು ಡೆಸ್ಕಿನಡಿ ಕೂರಿಸಿದರು. ಮಕ್ಕಳಿಗೆ ಏನೂ ಆಗಲಿಲ್ಲ. ಆಕಾಶದಲ್ಲಿ ಕಣ್ಣು ಕುಕ್ಕುವ ಬೆಳಕು ಕಂಡರೆ ಕಿಟಕಿಯಿಂದ ದೂರ ಸರಿದು ಕೆಲವು ನಿಮಿಷ ಕಾಯಿರಿ ಅಂತ ಗಾಜಿನ ಮುಂಭಾಗ ಇರುವ ಅಂಗಡಿಗಳವರಿಗೆಲ್ಲ ಹೇಳುತ್ತಿರುತ್ತೇನೆ. ಅರ್ಧ ಜನ ನಗುತ್ತಾರೆ.

ನನಗೆ ಭಯ ಇರುವುದು ಇಂಥ ನಡುಗಾತ್ರದ ಕಲ್ಲುಗಳದ್ದೇ. ಡೈನೋಸಾರ್ ಕೊಂದಂಥದ್ದರ ಬಗ್ಗೆ ನಿದ್ದೆ ಕೆಡಿಸಿಕೊಳ್ಳಬೇಕಾಗಿಲ್ಲ. ಭೂಮಿಯ ಹತ್ತಿರ ಸುಳಿಯುವ, ಒಂದು ಕಿಲೋಮೀಟರಿಗಿಂತ ದೊಡ್ಡ ಕ್ಷುದ್ರಗ್ರಹಗಳಲ್ಲಿ ಬಹುಪಾಲು ಈಗಾಗಲೇ ಸಿಕ್ಕಿವೆ. 140 ಮೀಟರ್ ಆಸುಪಾಸಿನವು ಇನ್ನೂ ಅರ್ಧದಷ್ಟೂ ಸಿಕ್ಕಿಲ್ಲ. ಇಪ್ಪತ್ತು ಮೀಟರಿನವು ಸಿಕ್ಕಿರುವುದು ತೀರಾ ಕಮ್ಮಿ. ಚೆಲ್ಯಾಬಿನ್‌ಸ್ಕಿನದು ಸೂರ್ಯನ ಕಡೆಯಿಂದ ಬಂತು, ದೂರದರ್ಶಕಗಳು ಆ ಕಡೆ ನೋಡುವಂತಿಲ್ಲ. 2018ರ ಡಿಸೆಂಬರ್ 18ರಂದು ಬೇರಿಂಗ್ ಸಮುದ್ರದ ಮೇಲೆ 173 ಕಿಲೋಟನ್ನಿನದೊಂದು ಸಿಡಿಯಿತು. ಹೆಚ್ಚಿನವರಿಗೆ ಸುದ್ದಿ ಗೊತ್ತಾಗಿದ್ದೇ ತಿಂಗಳುಗಳ ಮೇಲೆ.

2025ರ ಶುರುವಿನಲ್ಲಿ 2024 ವೈಆರ್4 ಅನ್ನುವ ಕ್ಷುದ್ರಗ್ರಹದ ಗಲಾಟೆ ಎದ್ದಾಗ ಅಂಗಡಿಗೆ ಬಂದವರೆಲ್ಲ ಅದನ್ನೇ ಕೇಳುತ್ತಿದ್ದರು. 2032ರ ಡಿಸೆಂಬರ್ 22ಕ್ಕೆ ಅದು ಭೂಮಿಗೆ ಬಡಿಯುವ ಸಾಧ್ಯತೆ 3.1 ಶೇಕಡಾವರೆಗೂ ಏರಿತ್ತು. ಬಡಿದರೆ ಬೀಳಬಹುದಾದ ಪಟ್ಟಿ ದಕ್ಷಿಣ ಏಷ್ಯಾದ ಮೇಲೂ ಹಾದಿತ್ತು. ಟಿವಿಯಲ್ಲಿ ಕೆಂಪು ಗೆರೆ, ಡಮರುಗದ ಸದ್ದು. ಕೆಲವೇ ದಿನಗಳಲ್ಲಿ ಅದು ಸೊನ್ನೆಯ ಹತ್ತಿರ ಇಳಿಯಿತು. "ಮುಚ್ಚಿಟ್ರು" ಅಂದವರೂ ಇದ್ದಾರೆ. ಹಾಗಲ್ಲ. ತುಮಕೂರಿನ ಕ್ಯಾಮೆರಾ ಇಲ್ಲದಿದ್ದಾಗ ನನ್ನ ಉಲ್ಕೆ ಎಲ್ಲಿ ಬೇಕಾದರೂ ಇರಬಹುದಿತ್ತು. ಹೊಸ ನೋಟ ಸೇರಿದ ಹಾಗೆ ಇರಬಹುದಾದ ಜಾಗ ಚಿಕ್ಕದಾಗುತ್ತದೆ. ಚಿಕ್ಕದಾಗುತ್ತಿರುವ ಆ ಜಾಗದೊಳಗೆ ಭೂಮಿ ಇರುವಷ್ಟು ಹೊತ್ತು ಶೇಕಡಾವಾರು ಏರುತ್ತದೆ. ಭೂಮಿ ಹೊರಗೆ ಬಿದ್ದ ಕೂಡಲೇ ದಬಕ್ಕನೆ ಇಳಿಯುತ್ತದೆ. ಮೊದಲೇ ಗೊತ್ತಾದರೆ ತಳ್ಳುವ ದಾರಿಯೂ ಇದೆ. 2022ರ ಸೆಪ್ಟೆಂಬರ್‌ನಲ್ಲಿ ನಾಸಾದ ಡಾರ್ಟ್ ನೌಕೆ, ದೊಡ್ಡದೊಂದು ಕ್ಷುದ್ರಗ್ರಹವನ್ನು ಸುತ್ತುವ ಪುಟ್ಟ ಕ್ಷುದ್ರಗ್ರಹ ಡೈಮಾರ್ಫಸ್‌ಗೆ ಗುದ್ದಿ, ಅದು ಒಂದು ಸುತ್ತು ಹಾಕುವ ಸಮಯವನ್ನು ಅರ್ಧ ಗಂಟೆಗೂ ಜಾಸ್ತಿ ಕಮ್ಮಿ ಮಾಡಿತು. ಆದರೆ ಮೊದಲು ಕಣ್ಣಿಗೆ ಬೀಳಬೇಕಲ್ಲ!

ನನ್ನ ಕ್ಯಾಮೆರಾ ಮುಂದೆ ಬರುವುದನ್ನು ಹೇಳುವುದಿಲ್ಲ, ಬಂದದ್ದನ್ನು ಅಳೆಯುತ್ತದೆ. ಅಳೆಯಲು ನಿಮ್ಮ ಅಂಗಡಿಯ ಸಾದಾ ಸಿಸಿಟಿವಿಯೂ ಸಾಕಾಗಬಹುದು. ದೊಡ್ಡ ಬೆಳಕು ಕಂಡ ದಿನ ಡಿವಿಆರ್ (ರೆಕಾರ್ಡಿಂಗ್ ಪೆಟ್ಟಿಗೆ) ಹಳೆಯದನ್ನು ಅಳಿಸುವ ಮುಂಚೆ ಆ ಭಾಗವನ್ನು ಪೆನ್‌ಡ್ರೈವ್‌ಗೆ ತೆಗೆದಿಡಿ. ಡಿವಿಆರ್ ಗಡಿಯಾರ ಸರಿಯಿರುವುದೇ ಅಪರೂಪ, ನಾನು ಕಂಡ ಮಟ್ಟಿಗೆ ನಿಮಿಷಗಟ್ಟಲೆ ಹಿಂದೆಮುಂದೆ ಇರುತ್ತದೆ. ಹಾಗಾಗಿ ಪರದೆಯ ಪಕ್ಕ ನಿಮ್ಮ ಫೋನಿನ ಗಡಿಯಾರ ಹಿಡಿದು ಒಂದು ಫೋಟೊ ತೆಗೆಯಿರಿ. ವಾಟ್ಸಾಪ್‌ನಲ್ಲಿ ಕಳಿಸಿದ್ದು ಲೆಕ್ಕಕ್ಕೆ ಬರುವುದಿಲ್ಲ, ಮೂಲ ಫೈಲೇ ಬೇಕು. ಇನ್ನೊಂದು, ಯಾರಾದರೂ ಬಂದು ನೋಡುವವರೆಗೆ ಆ ಕ್ಯಾಮೆರಾವನ್ನು ಒರೆಸಲೂ ಹೋಗಬೇಡಿ, ಅಲ್ಲಾಡಿಬಿಟ್ಟರೆ ದಿಕ್ಕು ಹೋಯಿತು.