ಬಸ್ ವೇಳಾಪಟ್ಟಿ ಇಟ್ಟುಕೊಂಡು ಇಂಗ್ಲಿಷ್ ಕಲಿಸುವುದು: ನನ್ನ ಅನುಭವ

ಕನ್ನಡ ಮಾಧ್ಯಮದ ಏಳು, ಎಂಟನೇ ತರಗತಿಗೆ ವಾರದಲ್ಲಿ ಎರಡು ಪೀರಿಯಡ್ ನಾನು ಪಠ್ಯಪುಸ್ತಕ ತೆಗೆಸುವುದಿಲ್ಲ, ವ್ಯಾಕರಣದ ಮಾತೂ ಎತ್ತುವುದಿಲ್ಲ. ಬೋರ್ಡಿನ ಮೇಲೊಂದು ಬಸ್ ವೇಳಾಪಟ್ಟಿ, ಅದರ ಮೇಲೆ ಪ್ರಶ್ನೆಗಳು, ಅಷ್ಟೇ. ಯೋಚಿಸಿ ಬಿಡಿಸಬೇಕಾದ ಕೆಲಸ ಕೊಟ್ಟು ಅದರ ಮೂಲಕವೇ ಭಾಷೆ ಕಲಿಸುವ ಈ ಟಾಸ್ಕ್ ವಿಧಾನ ನಮ್ಮಲ್ಲೇ ಬೆಳೆದದ್ದು. 1979ರಿಂದ 1984ರವರೆಗೆ ಇಂಗ್ಲಿಷ್ ಬೋಧನೆಯ ತಜ್ಞ ಎನ್.ಎಸ್. ಪ್ರಭು ಅವರ ನೇತೃತ್ವದಲ್ಲಿ ದಕ್ಷಿಣ ಭಾರತದ ಕೆಲವು ಶಾಲೆಗಳಲ್ಲಿ ನಡೆದ ಪ್ರಯೋಗಕ್ಕೆ ಬೆಂಗಳೂರು ಪ್ರಾಜೆಕ್ಟ್ ಎಂದೇ ಹೆಸರಾಯಿತು. ಮಗುವಿನ ತಲೆ ಅರ್ಥ ಬಿಡಿಸುವುದರಲ್ಲಿ ಮುಳುಗಿರುವಾಗಲೇ ವಾಕ್ಯರಚನೆ ಅದಕ್ಕೆ ಗೊತ್ತಿಲ್ಲದಂತೆ ಮೈಗೂಡುತ್ತದೆ ಎಂಬುದು ಅದರ ತಿರುಳು.

ಪಟ್ಟಿಗೆ ಮೈಸೂರು, ಮಂಡ್ಯ, ಮದ್ದೂರು, ಚನ್ನಪಟ್ಟಣ, ಬೆಂಗಳೂರು ಸಾಕು, ಮೂರು ಬಸ್. ಹೊತ್ತುಗಳು ನಿಜವಾದವೇ ಆಗಬೇಕಿಲ್ಲ, ಕಳೆಯಲು ಸುಲಭವಾಗಿರಲಿ. ನಲವತ್ತು ನಿಮಿಷದಲ್ಲಿ ಮೊದಲ ಇಪ್ಪತ್ತು ಇಡೀ ತರಗತಿಯೊಂದಿಗೆ ಬಾಯಿಮಾತಿನಲ್ಲಿ ಕಳೆಯುತ್ತದೆ. 'ವೆನ್ ಡಸ್ ದ ಸೆಕೆಂಡ್ ಬಸ್ ಲೀವ್ ಮಂಡ್ಯ?' ಎಂದು ಶುರು. ಇದಕ್ಕೆ ಪಟ್ಟಿ ನೋಡಿದರೆ ಸಾಕು. ಆಮೇಲೆ 'ಹೌ ಲಾಂಗ್ ಡಸ್ ಇಟ್ ಟೇಕ್ ಫ್ರಮ್ ಮಂಡ್ಯ ಟು ಚನ್ನಪಟ್ಟಣ?' ಇಲ್ಲಿ ಕಳೆಯಬೇಕು. ಕೊನೆಗೆ 'ಯೂ ಆರ್ ಇನ್ ಮದ್ದೂರು. ಯೂ ಮಸ್ಟ್ ಬಿ ಇನ್ ಬೆಂಗಳೂರು ಬೈ ಇಲೆವೆನ್. ವಿಚ್ ಬಸ್ ವಿಲ್ ಯೂ ಟೇಕ್? ವೈ ನಾಟ್ ದ ಥರ್ಡ್?' ಇಲ್ಲಿ ಯೋಚಿಸಲೇಬೇಕು. ನನ್ನ ಮಟ್ಟಿಗೆ ಟಾಸ್ಕ್ ಎಂದರೆ ಈ ಮೂರನೆಯ ಬಗೆಯ ಪ್ರಶ್ನೆಯೇ. ಮೊದಲೆರಡು ಅಲ್ಲಿಗೆ ಹತ್ತಿಸುವ ಮೆಟ್ಟಿಲು.

ಬಾಯಿಮಾತಿನ ಭಾಗ ಮುಗಿದ ಕೂಡಲೇ ಬೋರ್ಡ್ ಒರೆಸಿ ಅದೇ ಮಾದರಿಯ ಬೇರೆ ಪಟ್ಟಿ ಬರೆಯಬೇಕು. ಹಳೆಯದನ್ನೇ ಉಳಿಸಿದರೆ ಮಕ್ಕಳು ಕೇಳಿದ ಉತ್ತರವನ್ನೇ ಇಳಿಸಿಕೊಳ್ಳುತ್ತಾರೆ, ಪ್ರಶ್ನೆ ಓದುವುದಿಲ್ಲ. ಹತ್ತು ಪ್ರಶ್ನೆ, ಹದಿನೈದು ನಿಮಿಷ, ಒಬ್ಬೊಬ್ಬರೇ. ಮೊದಮೊದಲು ಉತ್ತರ ಒಂದು ಊರಿನ ಹೆಸರೋ ಒಂದು ಅಂಕಿಯೋ ಆಗಿದ್ದರೆ ಸಾಕು. 'ಬಿಕಾಸ್' ಸೇರಿಸಿ ಪೂರ್ತಿ ವಾಕ್ಯ ಬರೆಯಿಸುವುದು ಎರಡನೆಯ ತಿಂಗಳಿಗೆ. ಉಳಿದ ಐದು ನಿಮಿಷದಲ್ಲಿ ಪಕ್ಕದವರು ಪರಸ್ಪರ ತಿದ್ದುತ್ತಾರೆ. ಪ್ರಭು ಅವರ ತರಗತಿಗಳಲ್ಲಿ ಗುಂಪು ಕೆಲಸ ಇರಲಿಲ್ಲ. ಮಕ್ಕಳು ಒಬ್ಬರ ತಪ್ಪು ಇಂಗ್ಲಿಷನ್ನು ಇನ್ನೊಬ್ಬರು ಕಲಿಯುತ್ತಾರೆಂಬ ಆತಂಕ ಅವರಿಗಿತ್ತು. ತಿದ್ದುವುದಕ್ಕೆ ಮಾತ್ರ ಜೋಡಿ ಮಾಡಿಸಿದರೆ ಆ ಅಪಾಯ ಕಡಿಮೆ.

ಮಕ್ಕಳು ಕನ್ನಡದಲ್ಲಿ ಉತ್ತರಿಸಿದರೂ ತಡೆಯಬೇಡಿ. 'ಮೂರನೇದು ಲೇಟಾಗುತ್ತೆ ಸರ್' ಎಂದರೆ 'ಯೆಸ್, ದ ಥರ್ಡ್ ಬಸ್ ಈಸ್ ಟೂ ಲೇಟ್' ಎಂದು ಇಂಗ್ಲಿಷಿನಲ್ಲಿ ಹೇಳಿ ಮುಂದೆ ಹೋಗಿ. 'ಬಸ್ ಗೋ ಮದ್ದೂರ್' ಎಂದರೂ ಹಾಗೆಯೇ: ಸರಿಯಾದ ರೂಪ ಒಮ್ಮೆ ನಿಮ್ಮ ಬಾಯಲ್ಲಿ ಬರಲಿ, ನಿಯಮ ಹೇಳುತ್ತ ನಿಲ್ಲಬೇಡಿ. ಅಂಕ ಉತ್ತರಕ್ಕೆ ಮಾತ್ರ. ಸ್ಪೆಲಿಂಗಿಗೆ ಅಂಕ ಕಳೆದರೆ ಹಿಂದಿನ ಬೆಂಚು ಪೆನ್ನೇ ಎತ್ತುವುದಿಲ್ಲ.

ಎಡವುವ ಜಾಗಗಳಲ್ಲಿ ಮೊದಲನೆಯದು ಗಡಿಯಾರ. 'ಕ್ವಾರ್ಟರ್ ಟು ಟೆನ್' ಎಂದರೆ ನಮಗೆ ಒಂಬತ್ತೂ ಮುಕ್ಕಾಲು. ಮಗುವಿಗೆ ಕೇಳಿಸಿದ್ದು 'ಟೆನ್', ಬರೆಯುವುದು 10.15. ಮೊದಲ ವಾರಗಳಲ್ಲಿ 'ನೈನ್ ಫಾರ್ಟಿಫೈವ್' ಎಂದೇ ಹೇಳಿ. ಎರಡನೆಯದು ಕಳೆಯುವ ಲೆಕ್ಕ. 9.40ರಿಂದ 10.25ಕ್ಕೆ 85 ನಿಮಿಷ ಎಂದು ಉತ್ತರ ಬಂದರೆ ಅದು ಇಂಗ್ಲಿಷಿನ ತಪ್ಪಲ್ಲ, ಗಂಟೆಗೆ ನೂರು ನಿಮಿಷ ಹಿಡಿದ ತಪ್ಪು. ಇಂಥವನ್ನು ಬೇರೆ ಬಣ್ಣದ ಶಾಯಿಯಲ್ಲಿ ಗುರುತಿಸದಿದ್ದರೆ ಭಾಷೆ ಬಾರದವರು ಎಷ್ಟು ಜನ ಎಂಬ ನಿಮ್ಮ ಅಂದಾಜೇ ತಪ್ಪುತ್ತದೆ. ಮೂರನೆಯದು ಸೂಕ್ಷ್ಮ. ಕನ್ನಡದಲ್ಲಿ 'ಇಂದ', 'ಗೆ' ಊರಿನ ಹೆಸರಿಗೇ ಅಂಟಿ ಬರುತ್ತವೆ. ಇಂಗ್ಲಿಷಿನಲ್ಲಿ 'ಫ್ರಮ್', 'ಟು' ಹೆಸರಿಗೆ ಮುಂಚೆ ಹಾರಿಹೋಗುತ್ತವೆ. ಮಕ್ಕಳು ಊರುಗಳು ಕೇಳಿಸಿದ ಕ್ರಮವನ್ನೇ ನಂಬುತ್ತಾರೆ. ಮರಳಿ ಬರುವ ಬಸ್ಸನ್ನೂ ಪಟ್ಟಿಗೆ ಸೇರಿಸಿ 'ವಿಚ್ ಬಸ್ ಗೋಸ್ ಟು ಚನ್ನಪಟ್ಟಣ ಫ್ರಮ್ ಮಂಡ್ಯ?' ಎಂದು ತಿರುಗಿಸಿ ಕೇಳಿದರೆ ಆ ಪುಟ್ಟ ಪದಗಳಿಗೆ ಕಿವಿ ತೆರೆಯುತ್ತದೆ.

ಕಷ್ಟ ಸರಿಯಾಗಿದೆಯೇ ಎಂದು ಅಳೆಯಲು ಪ್ರಭು ಅವರದೇ ಒರಟು ಅಳತೆ ಸಾಕು: ಅರ್ಧ ತರಗತಿಗೆ ಅರ್ಧ ಕೆಲಸವಾದರೂ ಸರಿ ಬರಬೇಕು. ಐವತ್ತು ಮಕ್ಕಳಲ್ಲಿ ಇಪ್ಪತ್ತೈದು ಜನಕ್ಕೆ ಹತ್ತರಲ್ಲಿ ಐದು. ಅದಕ್ಕಿಂತ ಕೆಳಗಿಳಿದರೆ ಮುಂದಿನ ಸಲ ಎರಡೇ ಬಸ್, ಮೂರೇ ಊರು. ತೀರಾ ಸುಲಭವಾದರೆ 'ನೋ ಸರ್ವೀಸ್ ಆನ್ ಸಂಡೇ' ಎಂಬಂಥ ಒಂದು ಷರತ್ತು ಸೇರಿಸಿ.

ವೇಳಾಪಟ್ಟಿ ಹಳೆಯದಾದಾಗ ಊರಿನ ನಕ್ಷೆ, ವಂಶವೃಕ್ಷ, ಅಂಗಡಿ ಬಿಲ್ಲು ಇವೆ. 'ವಾಟ್ ಡು ಯೂ ಲೈಕ್?' ಜಾತಿಯ ಅಭಿಪ್ರಾಯದ ಪ್ರಶ್ನೆಗಳಿಂದ ಮಾತ್ರ ನಾನು ದೂರ. 'ಕ್ರಿಕೆಟ್' ಎಂದು ಒಬ್ಬ ಹೇಳಿದರೆ ಇಡೀ ತರಗತಿ 'ಕ್ರಿಕೆಟ್' ಎನ್ನುತ್ತದೆ, ಮಾತು ಅಲ್ಲಿಗೆ ಮುಗಿಯಿತು. ಲೆಕ್ಕದ ಪ್ರಶ್ನೆಯಲ್ಲಿ ಸರಿಯುತ್ತರವೆಂಬುದು ಒಂದಿದೆ, ಉತ್ತರಕ್ಕೆ ಬೇಕಾದ ಪದಗಳೆಲ್ಲ ಪ್ರಶ್ನೆಯಲ್ಲೇ ಇವೆ. ನಾಚಿಕೆಯ ಮಗುವೂ ಧೈರ್ಯವಾಗಿ ಬಾಯಿ ಬಿಡುತ್ತದೆ.

ಈ ವಿಧಾನದಿಂದ ಉಚ್ಚಾರಣೆಯೂ ಸ್ಪೆಲಿಂಗೂ ಸುಧಾರಿಸುವುದಿಲ್ಲ. ಅವಕ್ಕೆ ಉಳಿದ ಪೀರಿಯಡ್‌ಗಳಲ್ಲಿ ಹತ್ತು ಹತ್ತು ನಿಮಿಷ ಬೇರೆ ತೆಗೆದಿಡಲೇಬೇಕು. ಉಕ್ತಲೇಖನಕ್ಕೆ ಹಿಂದಿನ ಟಾಸ್ಕಿನ ಪ್ರಶ್ನೆಗಳನ್ನೇ ಕೊಟ್ಟರೆ ಮತ್ತೆ ಅರ್ಥ ಹೇಳಿಕೊಡುವ ಕೆಲಸ ತಪ್ಪುತ್ತದೆ.