ಬಾಟಲಿಯ ಬೆನ್ನಿನ ಚೀಟಿ: ಮಾಸ್ಕೋದಲ್ಲಿ ನಾನು ಷಾಂಪೇನ್ ಹೆಸರು ಬದಲಿಸಿದ್ದು

ಮಾಸ್ಕೋದಲ್ಲಿ ವೈನ್ ಆಮದು ಮಾಡುವ ಒಂದು ಸಣ್ಣ ಕಂಪನಿಯಲ್ಲಿ ನನಗೆ ಲೇಬಲ್ ಕೆಲಸ. ರುಚಿ ನೋಡುವವರು ಬೇರೆ, ಮಾರುವವರು ಬೇರೆ. ನನ್ನ ಪಾಲಿಗೆ ಬರುವುದು ಬಾಟಲಿಯ ಬೆನ್ನಿಗೆ ಅಂಟಿಸುವ ಬಿಳಿ ಚೀಟಿ. ಒಳಗಿರುವುದು ಏನು, ಯಾರು ಮಾಡಿದ್ದು, ಆಲ್ಕೋಹಾಲ್ ಎಷ್ಟು, ಯಾರು ತರಿಸಿದ್ದು, ಎಲ್ಲವೂ ಅದರಲ್ಲಿ ರಷ್ಯನ್ ಭಾಷೆಯಲ್ಲಿ ಇರಲೇಬೇಕು. ಊರಿಗೆ ಬಂದಾಗ ಯಾರಾದರೂ ಕೆಲಸ ಏನು ಅಂತ ಕೇಳಿದರೆ ಸುಮ್ನೆ ‘ಆಮದು ಕಂಪನಿ’ ಅಂದುಬಿಡುತ್ತೇನೆ. ಆದರೆ 2021ರ ಜುಲೈನಲ್ಲಿ ಫ್ರಾನ್ಸ್ ಮತ್ತು ರಷ್ಯಾ ಜಗಳಕ್ಕೆ ಬಿದ್ದದ್ದು ಇದೇ ಚೀಟಿಯ ವಿಷಯಕ್ಕೆ.

ಜುಲೈ 2ರಂದು ಪುಟಿನ್ ಮದ್ಯ ಕಾನೂನಿನ ತಿದ್ದುಪಡಿಗೆ ಸಹಿ ಹಾಕಿದರು. ‘ಶಂಪಾನ್‌ಸ್ಕಯೆ’ ಅಂದರೆ ರಷ್ಯನ್ ಭಾಷೆಯಲ್ಲಿ ಷಾಂಪೇನ್. ಆ ಹೆಸರು ಇನ್ನು ರಷ್ಯಾದಲ್ಲಿ ತಯಾರಾದದ್ದಕ್ಕೆ ಮಾತ್ರ. ಹೊರಗಿನಿಂದ ಬಂದದ್ದು, ಫ್ರಾನ್ಸಿನ ಷಾಂಪೇನ್ ಸೀಮೆಯದ್ದೇ ಆದರೂ, ಬೆನ್ನಿನ ಚೀಟಿಯಲ್ಲಿ ‘ಇಗ್ರಿಸ್ತಯೆ ವಿನೋ’, ಅಂದರೆ ಬರೀ ನೊರೆ ವೈನ್. ಫ್ರಾನ್ಸಿನ ದೊಡ್ಡ ಷಾಂಪೇನ್ ಕಂಪನಿ ಮೊಯೆ ಹೆನೆಸಿ ಕೆಲವು ದಿನ ಸರಕು ಕಳಿಸುವುದನ್ನೇ ನಿಲ್ಲಿಸಿತು, ಆಮೇಲೆ ಚೀಟಿ ಬದಲಿಸಲು ಒಪ್ಪಿತು. ಷಾಂಪೇನ್ ಉತ್ಪಾದಕರ ಸಂಘ ಎಲ್ಲರೂ ನಿಲ್ಲಿಸಿ ಎಂದು ಕರೆ ಕೊಟ್ಟು, ಸೆಪ್ಟೆಂಬರ್ ಮಧ್ಯದಲ್ಲಿ ಅದನ್ನು ಹಿಂತೆಗೆದುಕೊಂಡಿತು.

ನಾನು ಮೊದಲು ಮಾಡಿದ್ದು, ಸುದ್ದಿ ಬಿಟ್ಟು ಕಾನೂನಿನ ಪಠ್ಯವನ್ನೇ ಓದಿದ್ದು. ಷಾಂಪೇನ್ ಹೆಸರಿಗೇ ನಿಷೇಧ ಎಂಬ ಗುಲ್ಲೆದ್ದಿತ್ತು. ಹಾಗೇನೂ ಇರಲಿಲ್ಲ. ಮುಂದಿನ ಲೇಬಲ್ಲಿನಲ್ಲಿ ಫ್ರೆಂಚ್ ಅಕ್ಷರದ ಹೆಸರು ಇದ್ದ ಹಾಗೇ ಇರಬಹುದಿತ್ತು. ಇದನ್ನು ನಮಗೆ ಸರಕು ಕಳಿಸುವ ಬೆಳೆಗಾರರಿಗೆ ತಿಳಿಸಿದ ಮೇಲೆ ಅರ್ಧ ಕೋಪ ಇಳಿಯಿತು. ಇನ್ನರ್ಧ ಇಳಿಯಲಿಲ್ಲ, ಇಳಿಯಬೇಕಾಗಿಯೂ ಇರಲಿಲ್ಲ.

ಆಮೇಲೆ ಚೀಟಿ. ಮೊದಲ ಸಾಲಿನಲ್ಲಿ ‘ಶಂಪಾನ್‌ಸ್ಕಯೆ’ ತೆಗೆದು ‘ಇಗ್ರಿಸ್ತಯೆ ವಿನೋ’ ಹಾಕಿದೆ. ಅದರ ಕೆಳಗಿನ ಸಾಲಿಗೇ ತಲೆ ಜಾಸ್ತಿ ಓಡಿಸಬೇಕಾಯಿತು. ರಷ್ಯನ್‌ನಲ್ಲಿ ಪಾನೀಯದ ಹೆಸರು ‘ಶಂಪಾನ್‌ಸ್ಕಯೆ’, ಸೀಮೆಯ ಹೆಸರು ‘ಶಂಪಾನ್’. ಕಾನೂನು ಕಿತ್ತುಕೊಂಡಿದ್ದು ಮೊದಲನೆಯದನ್ನು. ಹಾಗಾಗಿ ಎರಡನೇ ಸಾಲಿನಲ್ಲಿ ‘ಪ್ರದೇಶ: ಶಂಪಾನ್, ಫ್ರಾನ್ಸ್’ ಎಂದು ಬರೆದು ವಕೀಲರಿಗೆ ತೋರಿಸಿದೆ. ಅವರು ಸರಿ ಅಂದರು. ಕೊಳ್ಳುವವರಿಗೆ ಬೇಕಾದ ಮಾಹಿತಿ ಉಳಿಯಿತು, ಕಾನೂನೂ ಉಳಿಯಿತು.

ಇನ್ನು ಕಾಗದಪತ್ರ. ಚೀಟಿಯಲ್ಲಿರುವ ಹೆಸರು, ಗುಣಮಟ್ಟದ ಘೋಷಣೆಯಲ್ಲಿರುವ ಹೆಸರು, ಕಸ್ಟಮ್ಸ್ ಪತ್ರದಲ್ಲಿರುವ ಹೆಸರು ಮೂರೂ ಒಂದೇ ಇರಬೇಕು. ಒಂದಕ್ಷರ ಆಚೀಚೆ ಆದರೂ ಸರಕು ಗೋದಾಮಿನಲ್ಲೇ ಕೂರುತ್ತದೆ. ಈ ಭಾಗ ಬೇಸರದ್ದು, ಬಿಡಿ.

ಅಂಟಿಸುವುದು ಮಾತ್ರ ಕೈಕೆಲಸ. ತಣ್ಣನೆ ಕೋಣೆಯಿಂದ ತಂದ ಬಾಟಲಿ ನಿಮಿಷದಲ್ಲೇ ಬೆವರುತ್ತದೆ, ಗೋಂದು ಜಾರುತ್ತದೆ. ಅದಕ್ಕೆ ರಾತ್ರಿಯೇ ಪೆಟ್ಟಿಗೆಗಳನ್ನು ಹೊರಗಿಡಿಸುತ್ತಿದ್ದೆ. ಬೆಳಗ್ಗೆ ಒಣ ಬಟ್ಟೆಯಲ್ಲಿ ಒರೆಸಿ, ಚೀಟಿಯ ನಡುಭಾಗ ಮೊದಲು ಒತ್ತಿ, ಹೆಬ್ಬೆರಳಿನಿಂದ ಎರಡೂ ಬದಿಗೆ ಸವರಬೇಕು. ಅಂಚಿನಿಂದ ಶುರು ಮಾಡಿದರೆ ಆ ದಪ್ಪ ಹೊಟ್ಟೆಯ ಬಾಟಲಿ ಮೇಲೆ ಸುಕ್ಕು ಗ್ಯಾರಂಟಿ. ಪಕ್ಕದಲ್ಲಿರುವ ತೆರಿಗೆ ಚೀಟಿ ಮುಚ್ಚಿಹೋಗದ ಹಾಗೆ ನೋಡಿಕೊಳ್ಳಬೇಕು. ಮುಚ್ಚಿದರೆ ಆ ಬಾಟಲಿ ಮಾರುವ ಹಾಗಿಲ್ಲ.

ಮಾದರಿ ಚೀಟಿಯ ಫೋಟೋ ಕಳಿಸಿದಾಗ ಷಾಂಪೇನ್ ಸೀಮೆಯ ಮಾರ್ನ್ ಕಡೆಯ ಒಬ್ಬ ಬೆಳೆಗಾರ ಫೋನ್ ಮಾಡಿ ಸಿಡಿಮಿಡಿಗೊಂಡರು. ನ್ಯಾಯವೇ. ಆ ಹೆಸರು ಅವರಿಗೆ ಬಿಟ್ಟಿ ಸಿಕ್ಕಿದ್ದಲ್ಲ. ಹೊರಗಿನ ದ್ರಾಕ್ಷಿ ತರಿಸಿ ಷಾಂಪೇನ್ ಅಂತ ಮಾರುತ್ತಿದ್ದ ವ್ಯಾಪಾರಿಗಳ ಮೇಲೆ 1911ರಲ್ಲಿ ಅಲ್ಲಿನ ರೈತರೇ ದಂಗೆ ಎದ್ದಿದ್ದರು. ಅಯಿ ಪಟ್ಟಣದಲ್ಲಿ ನೆಲಮಾಳಿಗೆಗಳನ್ನು ಒಡೆದರು. ಸೀಮೆಯ ಗಡಿ ಕಾನೂನಿನಲ್ಲಿ ಗಟ್ಟಿಯಾಗಿದ್ದು 1927ರಲ್ಲಿ. ನಂಜನಗೂಡು ರಸಬಾಳೆ ಎಂಬ ಹೆಸರನ್ನು ನಂಜನಗೂಡಿನವರೇ ಬಳಸಬಾರದು ಎಂದು ಇನ್ನೊಂದು ರಾಜ್ಯ ಹೇಳಿದರೆ ಹೇಗಿರುತ್ತದೆ?

ಆದರೆ ರಷ್ಯನ್ನರ ಕಡೆಯ ಮಾತೂ ಪೊಳ್ಳಲ್ಲ. ಕ್ರಿಮಿಯಾದ ನೋವಿ ಸ್ವೆತ್‌ನಲ್ಲಿ ರಾಜಕುಮಾರ ಲೆವ್ ಗಲಿತ್ಸಿನ್ ಮಾಡಿದ ನೊರೆ ವೈನ್ 1900ರ ಪ್ಯಾರಿಸ್ ಪ್ರದರ್ಶನದಲ್ಲಿ ದೊಡ್ಡ ಬಹುಮಾನ ಗೆದ್ದಿತ್ತು. ಕಪ್ಪು ಸಮುದ್ರದ ಹತ್ತಿರದ ಅಬ್ರಾವ್-ದುರ್ಸೊ 1870ರಲ್ಲಿ ಶುರುವಾದ ರಾಜಮನೆತನದ ತೋಟ. ಅಲ್ಲಿ ಕೆಲಸ ಮಾಡಿದ ಫ್ರಲೋವ್-ಬಗ್ರೇಯೆವ್ ನೊರೆ ಕೊಡುವ ಎರಡನೇ ಹುದುಗನ್ನು ಬಾಟಲಿಯ ಬದಲು ದೊಡ್ಡ ಟ್ಯಾಂಕಿನಲ್ಲೇ ಬರಿಸುವ ಪದ್ಧತಿಯನ್ನು ಕಾರ್ಖಾನೆ ಮಟ್ಟಕ್ಕೆ ತಂದರು. ಫ್ರಾನ್ಸಿನಲ್ಲಿ ಪ್ರತಿ ಬಾಟಲಿಯೂ ಕಡಿಮೆ ಅಂದರೂ 15 ತಿಂಗಳು ನೆಲಮಾಳಿಗೆಯಲ್ಲಿ ಕಾಯಬೇಕು. ಟ್ಯಾಂಕಿನಲ್ಲಿ ವಾರಗಳ ಲೆಕ್ಕ. 1936ರಲ್ಲಿ ಸರ್ಕಾರ ಆದೇಶ ಹೊರಡಿಸಿತು, ಮರುವರ್ಷ ರಸ್ತೋವ್‌ನಿಂದ ‘ಸವೆತ್‌ಸ್ಕಯೆ ಶಂಪಾನ್‌ಸ್ಕಯೆ’, ಅಂದರೆ ಸೋವಿಯತ್ ಷಾಂಪೇನ್, ಹೊರಬಂತು. ದುಡಿಯುವವರ ಮನೆಗೂ ನೊರೆ ವೈನ್ ಹೋಗಲಿ ಎಂಬುದು ಉದ್ದೇಶ.

ಹೋಯಿತು ಕೂಡ. ಡಿಸೆಂಬರ್ 31ರ ರಾತ್ರಿ ಕ್ರೆಮ್ಲಿನ್ ಗಡಿಯಾರ ಹನ್ನೆರಡು ಹೊಡೆಯುವಾಗ ಚೂರು ಕಾಗದದಲ್ಲಿ ಆಸೆ ಬರೆದು, ಸುಟ್ಟು, ಬೂದಿಯನ್ನು ಲೋಟಕ್ಕೆ ಹಾಕಿ, ಗಂಟೆ ನಿಲ್ಲುವುದರೊಳಗೆ ಕುಡಿಯುತ್ತಾರೆ. ಅದನ್ನು ಯಾರೂ ನೊರೆ ವೈನ್ ಅನ್ನುವುದಿಲ್ಲ, ಶಂಪಾನ್‌ಸ್ಕಯೆ ಅನ್ನುತ್ತಾರೆ. ಬಾಯಿಮಾತಿನಲ್ಲಿ ಹೀಗೆ ಅನ್ನುವುದಕ್ಕೆ ನನ್ನ ತಕರಾರಿಲ್ಲ. ಅಮೆರಿಕದಲ್ಲೂ 2006ರ ಒಪ್ಪಂದದ ಪ್ರಕಾರ ಮೊದಲಿಂದ ಬಳಸುತ್ತಿದ್ದವರು ಇವತ್ತಿಗೂ ‘ಕ್ಯಾಲಿಫೋರ್ನಿಯಾ ಷಾಂಪೇನ್’ ಮಾರಬಹುದು. ಆದರೆ ಅಮೆರಿಕದವರು ಫ್ರೆಂಚರ ಬಾಟಲಿ ಮೇಲಿನ ಹೆಸರಿಗೆ ಕೈ ಹಾಕಲಿಲ್ಲ. ರಷ್ಯಾ ಹಾಕಿತು. ನನಗೆ ಅತಿಯಾಯಿತು ಅನಿಸಿದ್ದು ಅಲ್ಲೇ. ಫೋನಿನಲ್ಲಿ ಆ ಬೆಳೆಗಾರರಿಗೆ ಹೊಸ ವರ್ಷದ ಬೂದಿಯ ಕಥೆಯನ್ನೂ ಹೇಳಿದೆ, ಈ ಮಾತನ್ನೂ ಹೇಳಿದೆ. ಚೀಟಿಗೆ ಒಪ್ಪಿಗೆ ಕೊಟ್ಟರು, ಗೊಣಗುತ್ತಲೇ.

2022ರ ಮಾರ್ಚ್‌ನಲ್ಲಿ ಯುರೋಪಿಯನ್ ಒಕ್ಕೂಟ 300 ಯೂರೋ ಮೀರಿದ ಐಷಾರಾಮಿ ಸರಕನ್ನು ರಷ್ಯಾಕ್ಕೆ ಕಳಿಸಬಾರದು ಅಂದಿತು. ದುಬಾರಿ ಷಾಂಪೇನ್ ಅದರಲ್ಲಿ ಸಿಕ್ಕಿಕೊಂಡಿತು. ನಮ್ಮಲ್ಲೂ ಫ್ರೆಂಚ್ ಸರಕು ಕಡಿಮೆಯಾಗಿದೆ.

ಹೊಸ ವರ್ಷಕ್ಕೆ ಮುಂಚೆ ಇಲ್ಲಿನ ಕನ್ನಡದ ಗೆಳೆಯರು ಯಾವುದು ಕೊಳ್ಳಲಿ ಅಂತ ಮೆಸೇಜ್ ಮಾಡುತ್ತಾರೆ. ಬಾಟಲಿ ತಿರುಗಿಸಿ ಅನ್ನುತ್ತೇನೆ. ‘ಕ್ಲಾಸಿಚೆಸ್ಕಿ’ ಅಂತಿದ್ದರೆ ಬಾಟಲಿಯಲ್ಲೇ ಹುದುಗು ಬಂದದ್ದು, ‘ರಿಜರ್ವುವಾರ್ನಿ’ ಅಂತಿದ್ದರೆ ಟ್ಯಾಂಕಿನದ್ದು. ‘ಗಜಿರೋವನ್ನಯೆ’ ಅಂದರೆ ಸೋಡಾ ಥರ ಗ್ಯಾಸ್ ತುಂಬಿಸಿದ್ದು, ಅದು ಬೇಡ. ‘ಬ್ರ್ಯುತ್’ನಲ್ಲಿ ಸಕ್ಕರೆ ತೀರಾ ಕಡಿಮೆ, ಹುಳಿ ಎದ್ದು ಕಾಣುತ್ತದೆ, ಅಭ್ಯಾಸ ಇಲ್ಲದವರು ಮುಖ ಹಿಂಡುತ್ತಾರೆ. ‘ಪೋಲುಸ್ಲಾದ್ಕಯೆ’ ಸಿಹಿ. ವೈನ್ ಬಲ್ಲವರು ಅದನ್ನು ಕಂಡು ಮೂಗು ಮುರಿಯುತ್ತಾರೆ. ನಮ್ಮ ಗುಂಪಿನಲ್ಲಿ ಮೊದಲು ಖಾಲಿಯಾಗುವುದು ಅದೇ.