ಆರೋಗ್ಯ ವಿಮೆ: ಆಸ್ಪತ್ರೆ ಸೇರುವ ಮೊದಲೇ ಬಳಸಿಕೊಳ್ಳುವುದು ಹೇಗೆ?

ಪ್ರೀಮಿಯಂ ಕಟ್ಟಿ, ಪಾಲಿಸಿಯನ್ನು ಬೀರುವಿನಲ್ಲಿಟ್ಟು, ಕಾಯಿಲೆ ಬಂದಾಗ ನೋಡೋಣ ಅಂತ ಬಿಡುವವರೇ ನಮ್ಮ ಚಿಕ್ಕಮಗಳೂರಿನ ಕಾಫಿ ಸೀಮೆಯಲ್ಲಿ ಜಾಸ್ತಿ. ಕಾಯಿಲೆ ಬಾರದಂತೆ ನೋಡಿಕೊಳ್ಳುವುದಕ್ಕೂ ಅದೇ ದುಡ್ಡಿನಲ್ಲಿ ಸೌಲಭ್ಯ ಇರಬಹುದು. ತಪಾಸಣೆ, ವೈದ್ಯರ ಸಲಹೆ, ವ್ಯಾಯಾಮಕ್ಕೆ ಪಾಯಿಂಟ್, ನವೀಕರಣದ ವೇಳೆ ರಿಯಾಯಿತಿ ಇಂಥವುಗಳಿಗೆ ವಿಮಾ ನಿಯಂತ್ರಣ ಪ್ರಾಧಿಕಾರ 2020ರಲ್ಲೇ ಮಾರ್ಗಸೂಚಿ ಕೊಟ್ಟಿದೆ.

ಮೊದಲು ಪಾಲಿಸಿ ತೆಗೆದು 'ವೆಲ್‌ನೆಸ್' ಮತ್ತು 'ಹೆಲ್ತ್ ಚೆಕಪ್' ಎಂಬ ಭಾಗ ಹುಡುಕಿ. ಸಿಗದಿದ್ದರೆ ಏಜೆಂಟರನ್ನು ಕೇಳಿ. ಉತ್ತರ ಬರಹದಲ್ಲೇ ಬರಲಿ.

ತಪಾಸಣೆ ಇದ್ದರೆ ಕಾಫಿ ಕೊಯ್ಲು ಶುರುವಾಗುವ ಮುಂಚೆಯೇ ಮಾಡಿಸಿ. ನವೆಂಬರ್ ಬಂತೆಂದರೆ ಫೆಬ್ರವರಿವರೆಗೆ ತೋಟದವರಿಗೆ ಪುರುಸೊತ್ತು ಎಲ್ಲಿ? ಖಾಲಿ ಹೊಟ್ಟೆಯ ಸಕ್ಕರೆ ಪರೀಕ್ಷೆಗೆ ಕನಿಷ್ಠ 8 ಗಂಟೆ ಏನೂ ತಿನ್ನಬಾರದು, ಬೆಳಗಿನ ಕಾಫಿಯೂ ಬೇಡ, ನೀರು ಕುಡಿಯಬಹುದು. ಸಕ್ಕರೆ, ಬಿಪಿ ಗೊತ್ತಾದರೆ ವಿಮೆ ಕೈತಪ್ಪುತ್ತದೆ ಎಂಬ ಹೆದರಿಕೆ ಹಲವರಿಗಿದೆ. ಪಾಲಿಸಿ ಮಾಡಿಸಿದ ಮೇಲೆ ಹೊಸದಾಗಿ ಬಂದ ಕಾಯಿಲೆ 'ಮೊದಲೇ ಇದ್ದ ಕಾಯಿಲೆ' ಆಗುವುದಿಲ್ಲ. ಮೊದಲೇ ಇದ್ದದ್ದನ್ನು ಮಾತ್ರ ಅರ್ಜಿಯಲ್ಲಿ ಮುಚ್ಚಿಡಬೇಡಿ. ಅದರ ಚಿಕಿತ್ಸೆಗೆ ವಿಮೆ ಸಿಗಲು ಕಾಯುವ ಅವಧಿ ಈಗ ಹೆಚ್ಚೆಂದರೆ 36 ತಿಂಗಳು. ಹಳೆಯ ಆದಾಯ ತೆರಿಗೆ ಪದ್ಧತಿಯಲ್ಲಿದ್ದರೆ ತಪಾಸಣೆ ಖರ್ಚಿಗೆ 5,000 ರೂಪಾಯಿವರೆಗೆ ವಿನಾಯಿತಿಯೂ ಇದೆ.

ಆಮೇಲೆ ನಡಿಗೆಯ ಪಾಯಿಂಟ್. ವಿಮಾ ಕಂಪನಿಯ ಆ್ಯಪ್ ಹಾಕಿಕೊಂಡು ಪಾಲಿಸಿ ಜೋಡಿಸಿದರೆ ಹೆಜ್ಜೆ ಲೆಕ್ಕ ಶುರು. ಇಲ್ಲೇ ನನ್ನ ತಕರಾರು. ಮೂಡಿಗೆರೆಯ ಇಳಿಜಾರಿನಲ್ಲಿ ದಿನವಿಡೀ ಹತ್ತಿಳಿಯುವ ಕಾರ್ಮಿಕರು ಮಳೆಗೆ ಹೆದರಿ ಫೋನನ್ನು ಮನೆಯಲ್ಲೇ ಬಿಟ್ಟಿರುತ್ತಾರೆ. ಅವರ ಒಂದು ಹೆಜ್ಜೆಯೂ ಲೆಕ್ಕಕ್ಕೆ ಸಿಗುವುದಿಲ್ಲ. ಕಂಪನಿಗಳು ಬರೀ ಫೋನ್ ನಂಬಿಕೊಳ್ಳದೆ, ಬಿಪಿ ಹತೋಟಿಯಲ್ಲಿದೆ, ತಂಬಾಕು ಬಿಟ್ಟಿದ್ದಾರೆ ಎಂಬುದಕ್ಕೂ ರಿಯಾಯಿತಿ ಕೊಡಲಿ. ಕೊಪ್ಪ, ಕಳಸದಂಥ ಊರುಗಳಿಗೇ ಬಂದು ರಕ್ತದ ಮಾದರಿ ತೆಗೆದುಕೊಳ್ಳಲಿ. ಒಂದು ಸಕ್ಕರೆ ಪರೀಕ್ಷೆಗೆ ಕಳಸದವರು ಘಟ್ಟದ ತಿರುವು ದಾಟಿ ಚಿಕ್ಕಮಗಳೂರಿಗೆ ಬರಬೇಕು ಅಂದರೆ ಒಂದು ದಿನದ ಕೂಲಿ ಹೋಯಿತು. ಅದು ಉಚಿತ ತಪಾಸಣೆ ಹೇಗಾಗುತ್ತದೆ? ನಿಮ್ಮ ಕಂಪನಿಗೆ ಇದನ್ನೇ ಬರೆದು ಕೇಳಿ.

ನೆಟ್‌ವರ್ಕ್ ಆಸ್ಪತ್ರೆಗಳ, ಅಂದರೆ ಕಂಪನಿಯ ಜೊತೆ ಒಪ್ಪಂದ ಇರುವ ಆಸ್ಪತ್ರೆಗಳ ಪಟ್ಟಿಯನ್ನೂ ಈಗಲೇ ನೋಡಿಡಿ. ಹತ್ತಿರದ ಆಸ್ಪತ್ರೆ ಅದರಲ್ಲಿ ಇಲ್ಲದಿದ್ದರೂ 2024ರ ಜನವರಿಯಿಂದ ನಗದುರಹಿತ ಚಿಕಿತ್ಸೆ (ಬಿಲ್ಲನ್ನು ಕಂಪನಿಯೇ ಆಸ್ಪತ್ರೆಗೆ ಕಟ್ಟುವುದು) ಕೇಳಬಹುದು. ಅದಕ್ಕೆ, ಮುಂಚೆಯೇ ಗೊತ್ತಿರುವ ಚಿಕಿತ್ಸೆಯಾದರೆ ಕಂಪನಿಗೆ 48 ಗಂಟೆ ಮೊದಲು ತಿಳಿಸಬೇಕು. ತುರ್ತಾದರೆ ದಾಖಲಾದ 48 ಗಂಟೆಯೊಳಗೆ. ನಗದುರಹಿತ ಕೋರಿಕೆಗೆ ಕಂಪನಿ 1 ಗಂಟೆಯಲ್ಲಿ, ಡಿಸ್ಚಾರ್ಜ್‌ಗೆ 3 ಗಂಟೆಯಲ್ಲಿ ಉತ್ತರಿಸಬೇಕೆಂಬ ನಿಯಮವೂ ಇದೆ.

ಖಾಸಗಿ ವಿಮೆ ಇಲ್ಲದವರು ಆಯುಷ್ಮಾನ್ ಕಾರ್ಡ್ ಮಾಡಿಸಿ. ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂಪಾಯಿವರೆಗೆ ಚಿಕಿತ್ಸೆ ಇದೆ. ಸಹಕಾರ ಸಂಘದ ಸದಸ್ಯರಾಗಿದ್ದರೆ ಯಶಸ್ವಿನಿ ಆರೋಗ್ಯ ಯೋಜನೆಯ ನೋಂದಣಿ ಯಾವಾಗ ಅಂತ ಸಂಘದಲ್ಲೇ ವಿಚಾರಿಸಿ.

ಕಂಪನಿ ಸ್ಪಂದಿಸದಿದ್ದರೆ ಮೊದಲು ಅದಕ್ಕೇ ಲಿಖಿತ ದೂರು ಕೊಡಿ. 155255ಕ್ಕೆ ಕರೆ ಮಾಡಿ ಪ್ರಾಧಿಕಾರಕ್ಕೂ ತಿಳಿಸಬಹುದು. 30 ದಿನವಾದರೂ ಉತ್ತರ ಬರದಿದ್ದರೆ ವಿಮೆ ತಕರಾರು ಬಗೆಹರಿಸುವ ಅಧಿಕಾರಿಯಾದ ಬೆಂಗಳೂರಿನ ವಿಮಾ ಓಂಬುಡ್ಸ್‌ಮನ್‌ಗೆ ಬರೆಯಿರಿ. ಅಲ್ಲಿ ಶುಲ್ಕವಿಲ್ಲ, ವಕೀಲರೂ ಬೇಕಿಲ್ಲ.